ಸಾಬೂನು ಡಬ್ಬಿಯ ಅಕ್ಕೋರು

ಹಳಿಯಾಳದ ಪೇಟೆಯಲ್ಲಿ ಒಂದು ರೇಡಿಯೋ ಅಂಗಡಿಯಿತ್ತು. ಬೋರ್ಡಿನ ಮೇಲೆ ಅಣ್ಣನ ಹೆಸರು, ಗಲ್ಲಾಪೆಟ್ಟಿಗೆಯ ಮುಂದೆ ಅಣ್ಣ. ಒಳಗೆ ಪರದೆಯ ಹಿಂದೆ ಕೂತು ರಿಪೇರಿ ಮಾಡುತ್ತಿದ್ದವರು ತಂಗಿ. ತಂಗಿಗೆ ಕಿವಿ ಕೇಳುತ್ತಿರಲಿಲ್ಲ.

ನಾನಿದನ್ನು ಮೊದಲ ಸಲ ಕಂಡದ್ದು ತೊಂಬತ್ತರ ದಶಕದಲ್ಲಿ, ನಮ್ಮಪ್ಪನ ರೇಡಿಯೋ ಹೊತ್ತುಕೊಂಡು ದಾಂಡೇಲಿಯಿಂದ ಹೋದಾಗ. ಅಣ್ಣ ಊಟಕ್ಕೆ ಹೋಗಿದ್ದರು. ಪರದೆ ಸರಿಸಿದೆ. ಹೆಂಗಸೊಬ್ಬರು ನಮ್ಮ ರೇಡಿಯೋದಂಥದೇ ಒಂದನ್ನು ಬಿಚ್ಚಿಟ್ಟುಕೊಂಡು, ಸ್ಪೀಕರಿನ ಕಪ್ಪು ಕಾಗದದ ಮೇಲೆ ಎರಡು ಬೆರಳು ಇಟ್ಟು, ನಾಡಿ ನೋಡುವ ವೈದ್ಯರ ಹಾಗೆ ಕಣ್ಣು ಕಿರಿದು ಮಾಡಿ ಕೂತಿದ್ದರು. ನಾನು ಕರೆದೆ. ಅವರು ತಿರುಗಲಿಲ್ಲ. ನನ್ನ ನೆರಳು ಮೇಜಿನ ಮೇಲೆ ಬಿದ್ದಾಗ ತಲೆ ಎತ್ತಿದರು.

“ಮುಖಾ ತೋರಿಸಿ ಮಾತಾಡ್ರಿ. ನನಗ ಸ್ವಲ್ಪ ಕಡಿಮಿ ಕೇಳತೈತಿ,” ಎಂದರು. ದನಿ ಏರಿಳಿತವಿಲ್ಲದೆ ಚಪ್ಪಟೆಯಾಗಿತ್ತು, ಆ ಸಣ್ಣ ಕೋಣೆಗೆ ತುಸು ಜೋರೇ ಆಗಿತ್ತು.

ಬೆರಳಿಟ್ಟು ಏನು ನೋಡುತ್ತಿದ್ದೀರಿ ಎಂದು ಕೇಳಿದೆ.

“ಹಾಡು ಬರಾಕತ್ತೈತೋ ಮಾತು ಬರಾಕತ್ತೈತೋ ಅಂತ. ಹಾಡು ಬೆರಳಿನ ಮ್ಯಾಲ ಹರೀತೈತಿ. ಮಾತು ಚುಚ್ಚತೈತಿ. ಈಗ ಮಾತು, ಹೌದಲ್ರಿ?”

ಹೌದು. ರೇಡಿಯೋದಲ್ಲಿ ಯಾರೋ ಮೆಣಸಿನಕಾಯಿ ಬೆಳೆಗೆ ಬರುವ ರೋಗದ ಬಗ್ಗೆ ಮಾತಾಡುತ್ತಿದ್ದರು.

ಹೋದ ಶ್ರಾವಣದಲ್ಲಿ ಅವರು ತೀರಿಕೊಂಡರು. ಅವರನ್ನು ಎಲ್ಲರೂ ಅಕ್ಕೋರು ಅನ್ನುತ್ತಿದ್ದರು. ನಮ್ಮ ಕಡೆ ಶಾಲೆಯ ಟೀಚರಮ್ಮನಿಗೆ ಹಾಗನ್ನುತ್ತಾರೆ. ಹರೆಯದಲ್ಲಿ ಕೆಲವು ತಿಂಗಳು ಬಾಲವಾಡಿಯಲ್ಲಿ ಕಲಿಸಿದ್ದರಂತೆ. ಬೆನ್ನು ತಿರುಗಿಸಿದರೆ ಇವರಿಗೆ ಏನೂ ಗೊತ್ತಾಗುವುದಿಲ್ಲ ಎಂದು ಮಕ್ಕಳು ಕಂಡುಕೊಂಡ ಮೇಲೆ ಅದು ನಿಂತಿತು. ಹೆಸರು ಮಾತ್ರ ಉಳಿಯಿತು. ಶಾಲೆಗೆ ಹೋಗುವಾಗ ಬಂದ ಒಂದು ಜ್ವರ ಅವರ ಕಿವಿ ತೆಗೆದುಕೊಂಡಿತ್ತು. ದಪ್ಪ ದನಿಗಳು ದೂರದ ಗುಡುಗಿನಷ್ಟು ಕೇಳುತ್ತಿದ್ದವು, ಸಣ್ಣ ದನಿಗಳು ಇಲ್ಲವೇ ಇಲ್ಲ. ಮದುವೆಯಾಗಲಿಲ್ಲ. ಅಂಚೆಯಲ್ಲಿ ಬರುವ ಪಾಠ ತರಿಸಿಕೊಂಡು ರೇಡಿಯೋ ಕಲಿತರು. ಗಿರಾಕಿಗಳು ಅಣ್ಣನೇ ರಿಪೇರಿ ಮಾಡುತ್ತಾನೆ ಎಂದುಕೊಂಡಿದ್ದರು. ಅಣ್ಣನೂ ತಂಗಿಯೂ ಅದನ್ನು ತಿದ್ದಲು ಹೋಗಿರಲಿಲ್ಲ.

ಎರಡು ಸಾವಿರದ ಇಸವಿಯ ಸುಮಾರಿಗೆ ನಾನು ದಾಂಡೇಲಿ ಬಸ್‌ಸ್ಟ್ಯಾಂಡಿನ ಹತ್ತಿರ ಸೈಬರ್ ಕೆಫೆ ತೆರೆದೆ. ಅಷ್ಟು ಹೊತ್ತಿಗೆ ರೇಡಿಯೋ ರಿಪೇರಿಗೆ ಯಾರೂ ಬರುತ್ತಿರಲಿಲ್ಲ. ಅಣ್ಣ ಅಂಗಡಿಯಲ್ಲಿ ಎಸ್‌ಟಿಡಿ ಬೂತ್ ಹಾಕಿಕೊಂಡಿದ್ದರು. ಒಂದು ಮಧ್ಯಾಹ್ನ ಅಕ್ಕೋರು ಕೈಚೀಲ ಹಿಡಿದು ನನ್ನ ಬಾಗಿಲಲ್ಲಿ ನಿಂತಿದ್ದರು.

“ತಮ್ಮಾ, ಇಲ್ಲಿ ಬಾಯಿ ಇಲ್ಲದ ಫೋನ್ ಐತಂತಲ್ಲ, ಹೌದೇನು?”

ಅವರ ಚೀಲದಲ್ಲಿ ಒಂದು ಗುಲಾಬಿ ಬಣ್ಣದ ಸಾಬೂನು ಡಬ್ಬಿಯಿತ್ತು. ಬಸ್ ಪ್ರಯಾಣಕ್ಕೆ ಸಾಬೂನು ಹಾಕಿಕೊಂಡು ಹೋಗುತ್ತೇವಲ್ಲ, ಆ ಪ್ಲಾಸ್ಟಿಕ್ ಡಬ್ಬಿ. ಒಳಗೆ ಅವರೇ ಬೆಸುಗೆ ಹಾಕಿದ ಸರ್ಕಿಟ್ಟು, ಎರಡು ಪೆನ್ಸಿಲ್ ಸೆಲ್ಲು, ಸಣ್ಣದೊಂದು ಮೈಕು. ಹೊರಗೆ ವಾಕ್‌ಮನ್ನಿನ ಇಯರ್‌ಫೋನ್. ಡಬ್ಬಿಯನ್ನು ಕೊರಳಿಗೆ ಹಾಕಿಕೊಂಡು ಇಯರ್‌ಫೋನ್ ಕಿವಿಗಿಟ್ಟುಕೊಂಡರೆ ಎದುರಿನವರ ಮಾತು ನಾಲ್ಕಾರು ಪಟ್ಟು ದೊಡ್ಡದಾಗಿ ಕೇಳುತ್ತಿತ್ತು. ಅಂಗಡಿಯಲ್ಲಿ ಸಿಗುವ ಕಿವಿಯಂತ್ರಗಳ ಸೆಲ್ಲು ಹಳಿಯಾಳದಲ್ಲಿ ಸಿಗುತ್ತಿರಲಿಲ್ಲ, ಕೆಟ್ಟರೆ ರಿಪೇರಿ ಮಾಡುವವರಿರಲಿಲ್ಲ. ಹೀಗಾಗಿ ತಮಗೆ ತಾವೇ ಮಾಡಿಕೊಂಡಿದ್ದರು. ಈಗ ಬೇರೆಯವರಿಗೂ ಮಾಡಿಕೊಡಬೇಕು ಅಂತಿತ್ತು. ಅದಕ್ಕೆ ಬೆಂಗಳೂರಿನಿಂದ ಬಿಡಿಭಾಗ ತರಿಸಬೇಕು. ವ್ಯಾಪಾರಿಯ ಜೊತೆ ಫೋನಿನಲ್ಲಿ ಅಣ್ಣ ಮಾತಾಡುತ್ತಿದ್ದರು. ಇವರು ಹೇಳಿದ್ದು ಅಣ್ಣನಿಗೆ ಅರ್ಥವಾಗುತ್ತಿರಲಿಲ್ಲ, ಅಣ್ಣ ಹೇಳಿದ್ದು ಅವನಿಗೆ.

ಇಮೇಲ್ ಕಲಿಯಲು ಅವರಿಗೆ ಒಂದು ಮಧ್ಯಾಹ್ನ ಸಾಕಾಯಿತು. ಕಾರ್ಡು ಬರೆಯುವಷ್ಟು ಇಂಗ್ಲಿಷು ಬರುತ್ತಿತ್ತು. ಮುಂದಿನ ವಾರ ವ್ಯಾಪಾರಿಯ ಉತ್ತರ ಬಂದಿತ್ತು. ‘ಡಿಯರ್ ಸರ್’ ಎಂದು ಶುರುವಾಗಿತ್ತು. ಅಕ್ಕೋರು ಪರದೆಯ ಮೇಲಿನ ಆ ಎರಡು ಶಬ್ದದ ಮೇಲೆ ಬೆರಳಿಟ್ಟು ನಕ್ಕರು.

ಹೆಂಗಸು ಎಂದು ತಿಳಿಸಿ ಬರೆಯೋಣವೇ ಎಂದೆ.

“ಬ್ಯಾಡ, ಇರಲಿ ಬಿಡು. ಇಲ್ಲಿ ಯಾರೂ ನನ್ನ ಕಡೆ ನೋಡಿ ಒದರೂದಿಲ್ಲ. ಪಾಪ ಅಂತ ಮಾರಿ ಮಾಡೂದಿಲ್ಲ. ನಾ ಏನು ಕೇಳ್ತೇನಿ ಅದಕ್ಕಷ್ಟ ಉತ್ತರಾ ಕೊಡ್ತಾರ. ಇದೆಷ್ಟು ಛಲೋ ಐತಿ ಅಂತ ನಿನಗ ಗೊತ್ತಿಲ್ಲ ತಮ್ಮಾ.”

ಡಬ್ಬಿಗೆ ‘ಕೇಳ್ರಿ’ ಎಂದು ಹೆಸರಿಟ್ಟರು. ಆಗ ನಮ್ಮ ಕಡೆ ಸ್ಟಾರ್ಟಪ್ ಎಂಬ ಮಾತು ಯಾರ ಬಾಯಲ್ಲೂ ಇರಲಿಲ್ಲ. ಮನೆಯ ಹಿಂದಿನ ಪಡಸಾಲೆಯಲ್ಲಿ ಇಬ್ಬರು ಹುಡುಗಿಯರನ್ನು ಕೂಡಿಸಿಕೊಂಡು ಬೆಸುಗೆ ಹಾಕಿಸುತ್ತಿದ್ದರು. ಸಂತೆಯಲ್ಲಿ ಸಾಬೂನು ಡಬ್ಬಿ ಮಾರುವವನಿಗೆ ಇವರ್ಯಾಕೆ ಇಷ್ಟು ಡಬ್ಬಿ ಒಯ್ಯುತ್ತಾರೆ ಎಂದು ಬಹಳ ದಿನ ಯೋಚನೆಯಾಗಿತ್ತಂತೆ.

ಡಬ್ಬಿ ಕೆಲಸ ಮಾಡುತ್ತದೋ ಇಲ್ಲವೋ ಎಂದು ಪರೀಕ್ಷಿಸುವ ಅವರ ರೀತಿಯನ್ನು ನಾನು ಇವತ್ತಿಗೂ ನನ್ನ ಕೈಕೆಳಗೆ ಕೆಲಸ ಕಲಿಯುವ ಹುಡುಗರಿಗೆ ಹೇಳುತ್ತೇನೆ. ದಾಂಡೇಲಿಯಲ್ಲಿ ನಮ್ಮ ಓಣಿಯಲ್ಲೇ ಒಬ್ಬ ಮುದುಕರಿದ್ದರು. ಕಟ್ಟಿಗೆ ಕೊಯ್ಯುವ ಗರಗಸದ ಪಕ್ಕ ಆಯುಷ್ಯ ಕಳೆದು ಕಿವಿ ಮಂದವಾಗಿತ್ತು. ಡಬ್ಬಿ ಹಾಕಿಸಿ ನಾನು ಕೇಳಿದೆ, “ಕಾಕಾ, ಕೇಳಸ್ತೈತೇನ್ರಿ?” ಅವರು ಹೂಂ ಹೂಂ ಎಂದು ತಲೆಯಾಡಿಸಿದರು. ನನಗೆ ಸಂತೋಷವಾಯಿತು. ಅಕ್ಕೋರು ನನ್ನ ತೋಳು ತಟ್ಟಿದರು.

“ಹಂಗ ಕೇಳಬಾರದು. ನಮ್ಮಂಥವ್ರು ಎಲ್ಲಾದಕ್ಕೂ ಹೂಂ ಅಂತೇವಿ. ರೂಢಿ ಅದು.”

ಆಮೇಲೆ ಸೆರಗಿನಿಂದ ಬಾಯಿ ಮುಚ್ಚಿಕೊಂಡು, ತುಟಿ ಕಾಣದಂತೆ, ಮೆಲ್ಲಗೆ ಹೇಳಿದರು: “ಕಾಕಾ, ಅಂಗಿ ಗುಂಡಿ ತಪ್ಪಿ ಹಾಕ್ಕೊಂಡೀರಿ.”

ಮುದುಕರು ಥಟ್ಟನೆ ಎದೆಯ ಕಡೆ ನೋಡಿಕೊಂಡರು. ಗುಂಡಿಗಳೆಲ್ಲ ಸರಿಯಾಗೇ ಇದ್ದವು. ಅರೆಗಳಿಗೆ ಬಿಟ್ಟು ಗೊತ್ತಾಯಿತು. ಅವರು ನಗತೊಡಗಿದರು, ಅವರ ಹೆಂಡತಿ ಅಡಿಗೆಮನೆಯಿಂದ ಹೊರಗೆ ಬಂದು ಅಳತೊಡಗಿದರು.

ಇಂಟರ್ನೆಟ್ಟಿನಲ್ಲಿ ಒಂದು ಪುಟ ಮಾಡೋಣ ಎಂದವನು ನಾನು. ಎರಡು ದಿನ ಕೂತು ಮಾಡಿದೆ. ಮಿಣಮಿಣ ಮಿನುಗುವ ಅಕ್ಷರ, ತಿರುಗುವ ನಕ್ಷತ್ರ, ‘ಕಿವಿಗೆ ಹೊಸ ಜೀವ’ ಎಂಬ ತಲೆಬರಹ. ಅಕ್ಕೋರು ಪೂರ್ತಿ ಓದಿದರು.

“ಇದನ್ನ ಯಾರು ಓದ್ತಾರ?”

“ಕಿವಿ ಕೇಳದವರು.”

“ಅವರೆಲ್ಲಿ ಓದ್ತಾರ? ಎಪ್ಪತ್ತು ವರ್ಷದ ಮುದುಕಿ ನಿನ್ನ ಕೆಫೆಕ್ಕ ಬರ್ತಾಳೇನು? ಓದೂದು ಅಕೀ ಮಗಳು. ಪುಣೆಯೊಳಗೋ ಮಡಗಾವಿನೊಳಗೋ ಕುಂತು, ಅವ್ವನ ಕೂಡ ಫೋನಿನಾಗ ಒದರಿ ಒದರಿ, ಕಡೀಕ ಸಿಟ್ಟು ಮಾಡಿ ಇಟ್ಟುಬಿಟ್ಟಿರ್ತಾಳ. ಇಟ್ಟ ಮ್ಯಾಲ ಅಳ್ತಿರ್ತಾಳ. ಅಕೀಗೆ ಬರೀಬೇಕು.”

ಅಲ್ಲೇ ಕೂತು ಬರೆದರು. ನಾನದನ್ನು ಇಂಗ್ಲಿಷಿಗೆ ತಿರುಗಿಸಿದೆ, ಹಳಿಯಾಳದ ಒಬ್ಬ ಮಾಸ್ತರರು ಮರಾಠಿಗೆ. ಅದು ಹೀಗೆ ಶುರುವಾಗುತ್ತಿತ್ತು: ‘ನೀವು ಜೋರಾಗಿ ಮಾತಾಡಿ ದಣಿದಿದ್ದೀರಿ. ನಿಮಗೆ ಸಿಟ್ಟು ಬರುತ್ತದೆ, ಆಮೇಲೆ ಬೇಜಾರಾಗುತ್ತದೆ. ನಿಮ್ಮ ಅವ್ವ ನಿಮ್ಮ ಮಾತಿಗೆ ನಗುತ್ತಾರೆ, ಆದರೆ ಬೇರೆಯವರು ನಕ್ಕ ಮೇಲೆ ನಗುತ್ತಾರೆ. ಅದನ್ನು ನೀವು ಗಮನಿಸಿರಬಹುದು.’ ಡಬ್ಬಿಯ ಮಾತು ಬರುತ್ತಿದ್ದುದು ಕೊನೆಗೆ, ಒಂದೇ ಪ್ಯಾರಾದಲ್ಲಿ. ಅದರಲ್ಲೂ ಗದ್ದಲದ ಸಂತೆಯಲ್ಲಿ ಇದು ಉಪಯೋಗಕ್ಕೆ ಬರುವುದಿಲ್ಲ ಎಂದು ಸ್ಪಷ್ಟವಾಗಿ ಬರೆದಿದ್ದರು. ಬರೆದವರಿಗೆ ಕಿವಿ ಕೇಳುವುದಿಲ್ಲ ಎಂಬ ಒಂದು ಮಾತು ಮಾತ್ರ ಇಡೀ ಪುಟದಲ್ಲಿ ಎಲ್ಲೂ ಇರಲಿಲ್ಲ. ಹಾಕಿದರೆ ಜನರಿಗೆ ನಂಬಿಕೆ ಹೆಚ್ಚೀತು ಎಂದು ನಾನು ಸೂಚಿಸಿದ್ದೆ. ಅವರು ತಲೆ ಅಲ್ಲಾಡಿಸಿದರು, ಕಾರಣ ಹೇಳಲಿಲ್ಲ.

ಮೊದಲ ತಿಂಗಳು ಯಾರೂ ಬರೆಯಲಿಲ್ಲ. ಆಮೇಲೆ ಸಾಂಗಲಿಯಿಂದ ಒಬ್ಬರು, ಪುಣೆಯಿಂದ ಇಬ್ಬರು, ಹೀಗೆ ಬರತೊಡಗಿದರು. ಎಲ್ಲರೂ ‘ಡಿಯರ್ ಸರ್’ ಅನ್ನುವವರೇ. ಅರ್ಧಕ್ಕಿಂತ ಹೆಚ್ಚು ಮಂದಿ ಡಬ್ಬಿಯ ಬೆಲೆ ಕೇಳುವ ಮೊದಲು ತಮ್ಮ ಅವ್ವನ, ಅತ್ತೆಯ ಕತೆ ಬರೆಯುತ್ತಿದ್ದರು. ಅಕ್ಕೋರು ವಾರಕ್ಕೆ ಎರಡು ಸಲ ದಾಂಡೇಲಿಗೆ ಬಂದು, ಒಂದನ್ನೂ ಬಿಡದೆ ಉತ್ತರಿಸುತ್ತಿದ್ದರು. ಡಬ್ಬಿ ಕೊಳ್ಳದವರಿಗೂ, ಅವ್ವನ ಎದುರು ಕೂತು ಬೆಳಕಿನಲ್ಲಿ ಮುಖ ಕಾಣುವಂತೆ ಮಾತಾಡಿ ನೋಡಿ ಎಂದು ಬರೆಯುತ್ತಿದ್ದರು.

ಅದು ಟೈ ಕಟ್ಟಿಕೊಂಡು ಊರೂರಿಗೆ ಬಂದು ಹುರುಪು ತುಂಬುವ ಭಾಷಣಕಾರರ ಕಾಲ. ದಾಂಡೇಲಿಯಲ್ಲೂ ಒಂದು ವ್ಯಕ್ತಿತ್ವ ವಿಕಸನ ಶಿಬಿರವಾಯಿತು. ಭಾಷಣಕಾರರು ವೇದಿಕೆಯ ಮೇಲೆ ಓಡಾಡುತ್ತ, ನಿಮ್ಮೊಳಗಿನ ಧ್ವನಿಯನ್ನು ಆಲಿಸಿ ಎಂದು ಹುಡುಗರಿಂದ ಕೂಗಿಸುತ್ತಿದ್ದರು. ಅಕ್ಕೋರು ಮೊದಲ ಸಾಲಿನಲ್ಲಿ ಕೂತು ಅವರ ತುಟಿಯನ್ನೇ ನೋಡುತ್ತಿದ್ದರು. ಸ್ಥಳೀಯ ಸಾಧಕಿ ಎಂದು ಅವರನ್ನು ಮೇಲೆ ಕರೆದು, ನಿಮ್ಮ ಸ್ಫೂರ್ತಿಯ ಗುಟ್ಟು ಹೇಳಿ ಎಂದರು.

“ಒಳಗಿನ ಧ್ವನಿ ಗಿನಿ ನನಗೇನೂ ಕೇಳಸಿಲ್ಲರಿ,” ಎಂದರು ಅಕ್ಕೋರು, ಮೈಕು ಬೇಡವೆನ್ನುವಷ್ಟು ಜೋರಾಗಿ. “ನಾ ಸಂಜೀಕ ಯಾವ ಕೆಲಸಾನೂ ಪೂರ್ತಿ ಮುಗಸೂದಿಲ್ಲ. ಒಂದು ತಂತಿ ಬಾಕಿ ಇಟ್ಟು ಏಳ್ತೇನಿ. ಮುಂಜಾನೆ ಎದ್ದ ಕೂಡಲೆ ಅದು ಮೇಜಿನ ಮ್ಯಾಲ ಕಾಣತೈತಿ. ಕೈ ತಾನ ಹೋಗತೈತಿ. ಒಮ್ಮೆ ಕೈ ಹೋತಂದ್ರ ಹುರುಪು ಹಿಂದಿಂದ ಬರ್ತೈತಿ. ಅದು ಬರೂ ತನಕಾ ಕಾಯ್ಕೋಂತ ಕೂಡಬ್ಯಾಡ್ರಿ.”

ಇಷ್ಟು ಹೇಳಿ ಕೆಳಗಿಳಿದು ಬಂದು ಕೂತರು. ಹುಡುಗರು ಬಹಳ ಹೊತ್ತು ಚಪ್ಪಾಳೆ ತಟ್ಟಿದರು. ಅವರು ಪಕ್ಕದಲ್ಲಿದ್ದ ನನ್ನನ್ನು ನೋಡಿ, “ತಟ್ಟಾಕತ್ತಾರೇನು? ನೆಲಾ ನಡುಗೂದು ಗೊತ್ತಾಗ್ತೈತಿ,” ಎಂದರು.

ಅದರ ಮುಂದಿನ ಮಳೆಗಾಲದಲ್ಲಿ ಒಂದು ಮೇಲ್ ಬಂತು. ಬರೆದವಳು ಮಡಗಾವಿನಲ್ಲಿದ್ದ ಒಬ್ಬ ಹೆಂಗಸು. ಅವಳ ತಾಯಿ ಜೋಯಿಡಾ ಕಡೆಯ ಒಂದು ಹಳ್ಳಿಯಲ್ಲಿ ಸೊಸೆಯ ಜೊತೆಗಿದ್ದರು. ಡಬ್ಬಿಯಿಂದ ಮೊದಲು ಒಳ್ಳೆಯದಾಗಿತ್ತು. ಆದರೆ ಮಳೆ ಹಿಡಿದಾಗಿನಿಂದ, ಅವ್ವ ಡಬ್ಬಿ ಹಾಕಿಕೊಂಡರೆ ಸಾಕು, ಮನೆಯ ನಾಯಿ ಕುಂಯಿಗುಟ್ಟುತ್ತ ಎದ್ದು ಹೊರಗೆ ಓಡುತ್ತದೆ. ಅವ್ವನಿಗೆ ತಲೆನೋವು ಬೇರೆ.

ಆ ದಿನ ಜೊತೆಗೆ ಕೆಫೆಗೆ ಬಂದಿದ್ದ ಅಣ್ಣ ಬಿದ್ದು ಬಿದ್ದು ನಕ್ಕರು. “ನಾಯಿ ಕಂಪ್ಲೇಂಟ್ ಕೊಟ್ಟೈತಿ ನೋಡವಾ ನಿನ್ನ ಡಬ್ಬಿ ಮ್ಯಾಲ.”

ಅಕ್ಕೋರು ನಗಲಿಲ್ಲ. “ನಾಳೆ ಜೋಯಿಡಾಕ್ಕ ಹೋಗೂಣು ಬರ್ತೀಯೇನು ತಮ್ಮಾ? ನನಗ ಕೊಂಕಣಿ ಮಾತಿನ ತುಟಿ ಓದಾಕ ಬರೂದಿಲ್ಲ,” ಎಂದರು.

ಬಸ್ಸಿಳಿದು ಕೆಸರಿನಲ್ಲಿ ನಡೆದು ಆ ಮನೆ ಮುಟ್ಟಿದಾಗ ಗೋಡೆಗಳೆಲ್ಲ ಬೆವರಿದ್ದವು. ಒಲೆಯ ಪಕ್ಕ ಕಂದು ನಾಯಿ ಮಲಗಿತ್ತು. ಮುದುಕಿ ಡಬ್ಬಿ ಹಾಕಿಕೊಂಡು ಗುಂಡಿ ಒತ್ತಿದರು. ನಾಯಿಯ ಕಿವಿ ನೆಟ್ಟಗಾದವು. ಎದ್ದು ನಿಂತಿತು, ಒಮ್ಮೆ ಕುಂಯ್ ಎಂದಿತು, ಹೊರಗಿನ ಮಳೆಯೇ ವಾಸಿ ಎಂಬಂತೆ ಹೊರಟುಹೋಯಿತು.

ನಾನು ಮುದುಕಿಯ ಹತ್ತಿರ ಬಾಗಿದೆ. ಸೊಳ್ಳೆಯ ದನಿಗಿಂತ ಸಣ್ಣದಾದ, ಸೂಜಿಯಂಥ ಶಿಳ್ಳೆ ಡಬ್ಬಿಯಿಂದ ಬರುತ್ತಿತ್ತು. ಯಂತ್ರವೆಂದರೆ ಹೀಗೇ ಇರುತ್ತದೆ ಎಂದು ಸೊಸೆ ಸುಮ್ಮನಿದ್ದಳಂತೆ. ಮುದುಕಿಗೆ ಆ ಸಣ್ಣ ದನಿ ಕೇಳುತ್ತಿರಲಿಲ್ಲ, ಆದರೆ ದಿನವೆಲ್ಲ ಅದು ಕಿವಿಯನ್ನು ಬಡಿಯುತ್ತಿತ್ತು. ಆ ವರ್ಷದ ಬಿಡದ ಮಳೆಯ ತೇವ ಒಳಗೆ ಹೋಗಿ ಸರ್ಕಿಟ್ಟು ಕೆಟ್ಟಿತ್ತು.

ನಾನು ಹೇಳಿದ್ದನ್ನು ಅಕ್ಕೋರು ನನ್ನ ತುಟಿಯಿಂದ ಎರಡು ಸಲ ಓದಿಕೊಂಡರು. ಆಮೇಲೆ ತಮ್ಮ ಕೊರಳಿನ ಡಬ್ಬಿಯನ್ನು ತೆಗೆದು ನನ್ನ ಮುಂದೆ ಹಿಡಿದರು.

“ಇದನ್ನ ಕೇಳಿ ನೋಡು.”

ಕೆಫೆಯ ಫ್ಯಾನು, ಯುಪಿಎಸ್ಸುಗಳ ಗದ್ದಲದಲ್ಲಿ ನನಗೆ ಎಂದೂ ಕೇಳಿರದಿದ್ದದ್ದು ಆ ಮನೆಯಲ್ಲಿ ಸ್ಪಷ್ಟವಾಗಿ ಕೇಳಿತು. ಅದೇ ಶಿಳ್ಳೆ.

ಹಳಿಯಾಳಕ್ಕೆ ಮರಳಿದ ಮೇಲೆ ಅವರು ಅಣ್ಣನನ್ನೂ ಬೆಸುಗೆಯ ಹುಡುಗಿಯರನ್ನೂ ಎದುರು ನಿಲ್ಲಿಸಿ ಕೇಳಿದರು. ಅಣ್ಣ ತಲೆ ತಗ್ಗಿಸಿದರು. ಮಳೆ ಶುರುವಾದಾಗಿನಿಂದ ಮನೆಯವರಿಗೆಲ್ಲ ಆ ಶಿಳ್ಳೆ ಕೇಳುತ್ತಿತ್ತು.

“ಮತ್ತ ಯಾಕ ಹೇಳಲಿಲ್ಲ?”

“ನಿನ್ನ ಮನಸ್ಸಿಗೆ ಹತ್ತೀತು ಅಂತ ಸುಮ್ನಿದ್ವಿ ತಂಗೀ. ಪಾಪ, ಖುಷಿಲೆ ಮಾಡಾಕತ್ತಿದ್ದಿ.”

ಅವರಿಗೆ ಸಿಟ್ಟು ಬಂದದ್ದನ್ನು ನಾನು ಕಂಡದ್ದು ಅದೊಂದೇ ಸಲ. “ನಿಮಗಿಂತ ಆ ನಾಯಿ ಛಲೋ,” ಎಂದು ಒಳಗೆ ಹೋದರು.

ಮರುದಿನ ಮೊದಲ ಬಸ್ಸಿಗೆ ನನ್ನ ಕೆಫೆಗೆ ಬಂದರು. ಮಾರಿದ ಡಬ್ಬಿಗಳನ್ನೆಲ್ಲ ವಾಪಸು ತರಿಸಬೇಕು, ಪುಟದಲ್ಲಿ ಹಾಕಬೇಕು, ಎಲ್ಲರಿಗೂ ಮೇಲ್ ಕಳಿಸಬೇಕು ಎಂದರು. ನಾನು ಒಪ್ಪಿದೆ. ತಾಂತ್ರಿಕ ದೋಷದ ಕಾರಣದಿಂದ ಎಂದು ಟೈಪ್ ಮಾಡಲು ಶುರುಮಾಡಿದೆ. ಅಕ್ಕೋರು ನನ್ನ ಕೈ ಹಿಡಿದು ನಿಲ್ಲಿಸಿದರು, ಕೀಲಿಮಣೆಯನ್ನು ತಮ್ಮ ಕಡೆ ಎಳೆದುಕೊಂಡರು. ತಾವೇ ಒಂದೊಂದೇ ಅಕ್ಷರ ಒತ್ತಿದರು.

‘ಈ ಡಬ್ಬಿ ಮಾಡಿದವಳು ನಾನು. ನನಗೆ ಕಿವಿ ಕೇಳುವುದಿಲ್ಲ. ಆದ್ದರಿಂದ ಇದರಲ್ಲಿ ಬರುತ್ತಿದ್ದ ಶಿಳ್ಳೆ ನನಗೆ ಗೊತ್ತಾಗಲಿಲ್ಲ. ಇವತ್ತಿನಿಂದ ಇದನ್ನು ಹಾಕಿಕೊಳ್ಳಬೇಡಿ. ನನಗೆ ಕಳಿಸಿ, ಸರಿ ಮಾಡಿ ಕೊಡುತ್ತೇನೆ.’

ಇಂಗ್ಲಿಷಿನಲ್ಲಿ ಅದು ಇನ್ನೂ ಗಿಡ್ಡವಾಗಿತ್ತು. “ಇಷ್ಟು ಬರೀಬೇಕಾಗಿಲ್ಲ ಅಕ್ಕೋರ,” ಎಂದೆ. “ಇದನ್ನ ಓದಿದವ್ರು ಇನ್ನ ಮುಂದ ನಿಮ್ಮ ಜೋಡಿ ಮೊದಲಿನಂಗ ಇರೂದಿಲ್ಲ.”

“ಗೊತ್ತೈತಿ ತಮ್ಮಾ,” ಎಂದರು. “ಆದ್ರ ಯಾಕ ತಪ್ಪಾತು ಅನ್ನೂದು ಬರೀಲಿಲ್ಲಂದ್ರ ಮುಂದಿನ ಡಬ್ಬೀನ ಅವರು ಹೆಂಗ ನಂಬಬೇಕು?” ಎಂದು ಗುಂಡಿ ಒತ್ತಿದರು.

ಇಡೀ ಊರಿಗೆ ಮುಚ್ಚಿಟ್ಟದ್ದೇನಲ್ಲ ಅದು. ಆದರೆ ಆ ಪರದೆಯ ಮೇಲೆ ಅವರು ಕೆಲವು ವರ್ಷ ಎಲ್ಲರಂತೆ ಒಬ್ಬ ವ್ಯಾಪಾರಿಯಾಗಿದ್ದರು. ಆ ಬೆಳಿಗ್ಗೆ ಅದನ್ನು ತಾವೇ ಬಿಟ್ಟುಕೊಟ್ಟರು. ಪುಟ ನೋಡಿದ ಬೆಂಗಳೂರಿನ ಬಿಡಿಭಾಗದ ವ್ಯಾಪಾರಿ ಉತ್ತರ ಬರೆಯುವುದನ್ನೇ ನಿಲ್ಲಿಸಿದ. ಹೊಸ ಬೇಡಿಕೆಗಳು ನಿಂತವು. ಹಳೆಯ ಡಬ್ಬಿಗಳು ಅಂಚೆಯಲ್ಲಿ ಬರತೊಡಗಿದವು. ಕೆಲವರು ಒರಟಾಗಿ ಬರೆದಿದ್ದರು. ಅವರಿಗೂ ಅಕ್ಕೋರು ಉತ್ತರಿಸಿದರು.

ತೇವಕ್ಕೆ ಉಪಾಯ ಬಳೆ ಅಂಗಡಿಯಲ್ಲಿ ಸಿಕ್ಕಿತು. ಉಗುರಿನ ಬಣ್ಣ. ಸರ್ಕಿಟ್ಟಿನ ಮೇಲೆ ಅದನ್ನು ಬಳಿದು ಒಣಗಿಸಿದರೆ ನೀರು ಒಳಗೆ ಇಳಿಯುವುದಿಲ್ಲ. ಈ ವಯಸ್ಸಿನಲ್ಲಿ ಇವರಿಗೆ ಉಗುರು ಬಣ್ಣದ ಹುಚ್ಚು ಹಿಡಿದಿದೆ ಎಂದು ಪೇಟೆಯಲ್ಲಿ ನಗೆಯಾಯಿತು. ಒಂದು ಡಬ್ಬಿಯೊಳಗೆ ಕೆಂಪು, ಒಂದರೊಳಗೆ ನೇರಳೆ, ಸಿಕ್ಕಿದ ಬಣ್ಣ. ಮೊದಲು ತಮ್ಮ ಡಬ್ಬಿಗೆ ಮನೆಯಲ್ಲಿ ಉಳಿದಿದ್ದ ಬಿಡಿಭಾಗ ಹಾಕಿ, ಮೇಲೆ ಬಣ್ಣ ಬಳಿದು, ಬಚ್ಚಲಮನೆಯ ಹಂಡೆಯ ಹಬೆಯಲ್ಲಿ ತೂಗುಹಾಕಿ, ಬೀದಿಯ ಒಂದು ನಾಯಿಯನ್ನು ಭಾಕ್ರಿ ರೊಟ್ಟಿ ಹಾಕಿ ಒಳಗೆ ಕರೆದು ಅದರ ಕಿವಿಗಳನ್ನೇ ನೋಡುತ್ತ ಕೂತರು. ನಾಯಿ ಭಾಕ್ರಿ ತಿಂದು ಮಲಗಿತು. ಆಗ ಅವರ ಮುಖದಲ್ಲಿ ಮೂಡಿದ ಬೆಳಕು ನೋಡಬೇಕಾಗಿತ್ತು.

ಆಮೇಲಿನದನ್ನು ಬೇಗ ಹೇಳುತ್ತೇನೆ. ವ್ಯಾಪಾರ ಮತ್ತೆ ನಡೆಯಿತು, ನಿಧಾನವಾಗಿ. ಈ ಸಲ ಮಕ್ಕಳಷ್ಟೇ ಅಲ್ಲ, ಕಿವಿ ಕೇಳದವರೇ ನೇರವಾಗಿ ಬರೆಯತೊಡಗಿದರು. ಅವರ ಮೇಲ್‌ಗಳಲ್ಲಿ ಡಬ್ಬಿಯ ಮಾತು ಕಡಿಮೆ, ಮದುವೆ ಮನೆಯಲ್ಲಿ ಹೇಗೆ ಕೂರಬೇಕು, ಮೊಮ್ಮಕ್ಕಳಿಗೆ ಹೇಗೆ ಹೇಳಬೇಕು ಎಂಬ ಮಾತೇ ಹೆಚ್ಚು. ದಶಕ ಮುಗಿಯುವ ಹೊತ್ತಿಗೆ ಹೊರದೇಶದ ಅಗ್ಗದ ಯಂತ್ರಗಳು ಬಂದವು. ಅಕ್ಕೋರು ಒಂದನ್ನು ತರಿಸಿ ಬಿಚ್ಚಿ ನೋಡಿ, ಛಲೋ ಮಾಡ್ಯಾರ ಎಂದು ಮೆಚ್ಚಿಕೊಂಡು, ತಮ್ಮ ಪುಟದಲ್ಲೇ ಅದನ್ನು ಕೊಳ್ಳಿರಿ ಎಂದು ಬರೆದು ಡಬ್ಬಿ ಮಾಡುವುದನ್ನು ನಿಲ್ಲಿಸಿದರು. ಬರುವ ಮೇಲ್‌ಗಳಿಗೆ ಉತ್ತರಿಸುವುದನ್ನು ಕೊನೆಯವರೆಗೂ ನಿಲ್ಲಿಸಲಿಲ್ಲ.

ಆದರೆ ಅವರ ಹೆಸರೆತ್ತಿದರೆ ನನಗೆ ಎದುರು ಬರುವುದು ಆ ಮಳೆಗಾಲದ ಇನ್ನೊಂದು ದಿನ.

ಮುಂಡಗೋಡದ ಟಿಬೆಟನ್ ಕಾಲೊನಿಯಿಂದ ಒಂದು ಡಬ್ಬಿ ವಾಪಸು ಬಂದಿರಲಿಲ್ಲ. ಚಳಿಗಾಲದಲ್ಲಿ ಊರೂರಿಗೆ ಹೋಗಿ ಸ್ವೆಟರ್ ಮಾರುತ್ತಿದ್ದ ಒಬ್ಬ ಅಜ್ಜಿಯದು. ನಾವಿಬ್ಬರೂ ಹುಡುಕಿಕೊಂಡು ಹೋದೆವು. ಅಜ್ಜಿ ಚಹಾ ಕೊಟ್ಟರು, ಡಬ್ಬಿ ಕೊಡಲಿಲ್ಲ. ಎರಡೂ ಕೈಯಲ್ಲಿ ಎದೆಗೆ ಒತ್ತಿ ಹಿಡಿದು, ಮಾರಾಟ ಮಾಡುತ್ತ ಕಲಿತ ಕನ್ನಡದಲ್ಲಿ ಹೇಳಿದರು: “ಇದು ಕೊಟ್ರೆ ಪ್ರಾರ್ಥನೆ ಹೆಂಗ ಕೇಳ್ಲಿ? ಶಿಳ್ಳೆ ಬರ್ಲಿ. ನಡೀತದ.”

ಅಕ್ಕೋರು ತಮ್ಮ ಕಿವಿಯಿಂದ ಇಯರ್‌ಫೋನ್ ತೆಗೆದರು. ಕೊರಳಿನಿಂದ ದಾರ ಬಿಚ್ಚಿ, ಇಯರ್‌ಫೋನನ್ನು ಸೆರಗಿನಲ್ಲಿ ಒರೆಸಿ, ಸರಿ ಮಾಡಿದ್ದ ತಮ್ಮ ಡಬ್ಬಿಯನ್ನು ಅಜ್ಜಿಯ ಕೊರಳಿಗೆ ಹಾಕಿದರು. ಹಳೆಯದನ್ನು ಚೀಲದಲ್ಲಿಟ್ಟುಕೊಂಡರು. ಅದನ್ನು ಸರಿ ಮಾಡಲು ಬೇಕಾದ ಹೊಸ ಬಿಡಿಭಾಗಗಳು ಯಾವಾಗ ಬರುತ್ತವೋ ಗೊತ್ತಿರಲಿಲ್ಲ. ಬಂದರೂ ವಾಪಸು ಬಂದ ಡಬ್ಬಿಗಳೆಲ್ಲ ಮುಗಿದ ಮೇಲೆ ಅಕ್ಕೋರ ಸರದಿ.

ಹಳಿಯಾಳದ ಬಸ್ಸು ತುಂಬಿತ್ತು. ಅಕ್ಕೋರು ಕಿಟಕಿಯ ಹತ್ತಿರ ಕೂತು ಮಳೆಯಲ್ಲಿ ತೊಯ್ಯುತ್ತಿದ್ದ ಗೋವಿನಜೋಳದ ಹೊಲಗಳನ್ನು ನೋಡುತ್ತಿದ್ದರು. ನಾನು ಅವರ ಹಿಂದಿನ ಸೀಟಿನಲ್ಲಿದ್ದೆ. ಕಂಡಕ್ಟರ್ ಬಂದು ಟಿಕೇಟು ಎಂದ. ಮತ್ತೊಮ್ಮೆ ಎಂದ. ನಾನು ಜೇಬಿಗೆ ಕೈ ಹಾಕುವಷ್ಟರಲ್ಲಿ ಅವನು ಅವರ ಸೀಟಿನ ಸರಳನ್ನು ಪಂಚಿನಿಂದ ಟಕಟಕ ಬಡಿದು ಕೂಗಿದ, “ಏ ಅವ್ವಾ, ಕಿವುಡಿ ಏನು?”

ಕೆಲವರು ನಕ್ಕರು. ಬಡಿತದ ನಡುಕಕ್ಕೆ ಅಕ್ಕೋರು ತಿರುಗಿದರು. ಅವನ ತುಟಿಯ ಮೇಲೆ ಆ ಕೊನೆಯ ಮಾತು ಇನ್ನೂ ಇತ್ತು. ಅವರು ಅದನ್ನು ಓದಿದ್ದು ನನಗೆ ಕಂಡಿತು.

“ಹೌದರಿ, ಕಿವುಡಿ,” ಎಂದರು, ಇಡೀ ಬಸ್ಸಿಗೆ ಕೇಳುವಂತೆ. ಅವರ ಬಾಯಲ್ಲಿ ಆ ಶಬ್ದವನ್ನು ನಾನು ಅಷ್ಟು ವರ್ಷದಲ್ಲಿ ಒಮ್ಮೆಯೂ ಕೇಳಿರಲಿಲ್ಲ. “ಹಳಿಯಾಳಕ್ಕ ಎರಡು ಕೊಡ್ರಿ. ಹಿಂದಿನ ಸೀಟಿನಾಗ ನಮ್ಮ ತಮ್ಮ ಅದಾನ.”

ಕಂಡಕ್ಟರ್ ಎರಡು ಟಿಕೇಟು ಹರಿದುಕೊಟ್ಟ. ಅಕ್ಕೋರು ಚಿಲ್ಲರೆ ತೆಗೆದುಕೊಂಡು ನನ್ನ ಟಿಕೇಟನ್ನು ಹಿಂದಕ್ಕೆ ಚಾಚಿದರು. ಆಮೇಲೆ ಕಿಟಕಿಯ ಗಾಜನ್ನು ಸೆರಗಿನಿಂದ ಒರೆಸಿ ಮತ್ತೆ ಹೊರಗೆ ನೋಡತೊಡಗಿದರು.